ಕೆರೆಯೊಳಗೆ ನಿಂತಿದ್ದ ಒಂದೇ ಟಿಪ್ಪರ್

ನಮ್ಮ ವಂಶದಲ್ಲಿ ಡಿಗ್ರಿ ಮುಗಿಸಿದ ಮೊದಲಿಗ ನಾನು. ಹಾಲಿನ ವ್ಯಾನಿನಲ್ಲಿ ಕ್ಯಾನುಗಳ ನಡುವೆ ನಿಂತು ಹೊಳೆನರಸೀಪುರದ ಕಾಲೇಜಿಗೆ ಹೋಗಿ, ಕೆಮಿಸ್ಟ್ರಿಯ ಕೈಯಲ್ಲಿ ಪದೇ ಪದೇ ಸೋತು, ಕೊನೆಗೆ ಅದನ್ನೇ ಸುಸ್ತು ಮಾಡಿ ಬಿ.ಎಸ್ಸಿ. ಪಡೆದವನು. ಈಗ ಹಾಸನದ ಒಂದು ಖಾಸಗಿ ಆಸ್ಪತ್ರೆಯಲ್ಲಿ ಮೆಡಿಕಲ್ ಕೋಡರ್. ರೋಗಿಗೆ ಏನಾಯಿತು, ಹೇಗಾಯಿತು ಎಂಬುದಕ್ಕೆಲ್ಲ ಅಕ್ಷರ, ಅಂಕಿಗಳ ಒಂದೊಂದು ಗುರುತಿದೆ. ಅದನ್ನು ಸರಿಯಾಗಿ ಹಾಕುವುದು ನನ್ನ ಕೆಲಸ. ನಾನು ತಪ್ಪಿದರೆ ವಿಮೆಯವರು ಫೈಲ್ ವಾಪಸ್ ಕಳಿಸುತ್ತಾರೆ, ರೋಗಿ ಮಂಚದಲ್ಲೇ ಉಳಿಯುತ್ತಾನೆ.

ಇಷ್ಟು ಘನವಾದ ಉದ್ಯೋಗ ಹಳ್ಳಿಮೈಸೂರು ಕಡೆಯ ನನ್ನ ಮಾವನ ಮನೆಯವರಿಗೆ ಮಾತ್ರ ಅರ್ಥವಾಗಿರಲಿಲ್ಲ. “ಡಾಕ್ಟ್ರಲ್ಲ, ಕಾಂಪೌಂಡ್ರೂ ಅಲ್ಲ. ಅದೇನೋ ನಂಬರ್ ಹಾಕ್ತರಂತೆ ಕಣಕ್ಕ” ಎಂದು ಅತ್ತೆ ನೆಂಟರಿಗೆ ನನ್ನ ಪರಿಚಯ ಮಾಡಿಕೊಡುತ್ತಿದ್ದರು. ನನ್ನ ಕೆಲಸದ ಮಹಿಮೆ ಇವರಿಗೆ ಒಂದು ದಿನ ತಿಳಿಯಲೇಬೇಕೆಂದು ನಾನು ಕಾಯುತ್ತಿದ್ದೆ.

ಆ ದಿನ ಬಂತು. ಮಾವ ಹೆಗಲ ಮೂಳೆ ಮುರಿದುಕೊಂಡು ನಮ್ಮ ಆಸ್ಪತ್ರೆಗೇ ಬಂದರು.

ಹಬ್ಬಕ್ಕೆ ಅವರ ಊರಿಗೆ ಹೋಗಿದ್ದಾಗ ನನ್ನ ಬೈಕನ್ನು ಮಾವನ ಓಡಾಟಕ್ಕೆಂದು ಅಲ್ಲೇ ಬಿಟ್ಟು ಬಂದಿದ್ದೆ. ಹೆಂಡತಿ ಸವಿತಾ ಕೂಡ ನಾಲ್ಕು ದಿನ ಅಲ್ಲೇ ಉಳಿದಿದ್ದಳು. ಆ ಬೈಕಿನಲ್ಲಿ ಮಾವ ಟಿಪ್ಪರ್ ಲಾರಿಗೆ ಗುದ್ದಿದ್ದರಂತೆ. ಮಾವನ ಫೈಲನ್ನು ನಾನೇ ಕೇಳಿ ಪಡೆದೆ. ಬೈಕ್ ಸವಾರ, ದೊಡ್ಡ ವಾಹನಕ್ಕೆ ಡಿಕ್ಕಿ, ರಸ್ತೆ ಅಪಘಾತ. ಕಣ್ಣು ಮುಚ್ಚಿ ಕೋಡ್ ಹಾಕಿದೆ.

ಕೋಡ್‌ಗಳನ್ನು ತಪಾಸಣೆ ಮಾಡುವ ನಮ್ಮ ಮೇಡಂ ಫೈಲ್ ವಾಪಸ್ ಕಳಿಸಿದರು. “ಡಾಕ್ಟರ್ ‘ಕೆರೆಯೊಳಗೆ’ ಅಂತ ಬರೆದಿದ್ದಾರೆ. ಕೆರೆ ಯಾವಾಗಿನಿಂದ ರಸ್ತೆ ಆಯ್ತು?”

“ನಮ್ಮ ಸ್ವಂತ ಮಾವ, ಮೇಡಂ. ಖುದ್ದಾಗಿ ವಿಚಾರಿಸಿ ಬರ್ತೀನಿ” ಎಂದು ಪೆನ್ನು ಹಿಡಿದು ವಾರ್ಡಿಗೆ ನಡೆದೆ. ಮಾವ ತೋಳಿಗೆ ಪಟ್ಟಿ ಕಟ್ಟಿಸಿಕೊಂಡು ಕೂತಿದ್ದರು. ಪಕ್ಕದಲ್ಲಿ ಅತ್ತೆ. ಸವಿತಾ ಕಿತ್ತಳೆ ಸುಲಿಯುತ್ತಿದ್ದಳು.

“ಮಾವ, ಘಟನೆ ನಡೆದ ಸ್ಥಳ?”

“ಕೆರೆ ವಳಗೆ. ನೀರೆಲ್ಲಯ್ತೆ ಈಗ, ಒಣಗೋಗದೆ.”

“ಟಿಪ್ಪರ್ ಚಲಿಸುತ್ತಿತ್ತೋ, ನಿಂತಿತ್ತೋ?”

“ಹೂಳು ತುಂಬ್ಕಳಕ್ಕೆ ನಿಂತಿತ್ತು.”

“ಕೆರೆಯಲ್ಲಿ ಬೇರೆ ವಾಹನಗಳು?”

“ಅದೊಂದೇಯ.”

ನನ್ನೊಳಗಿನ ಪದವೀಧರ ಎದ್ದು ನಿಂತ. “ಅಷ್ಟಗಲ ಕೆರೆ. ಅದರಲ್ಲಿ ನಿಂತಿರೋದು ಒಂದೇ ಲಾರಿ. ಅದಕ್ಕೇ ಹೋಗಿ ಗುದ್ದೋರಿಗೆ ಸೈಕಲ್ಲೂ ಕೊಡಬಾರದು ಮಾವ” ಎಂದು ವಾರ್ಡಿಗೆಲ್ಲ ಕೇಳುವಂತೆ ಉಪದೇಶಿಸಿದೆ. ಸವಿತಾಳ ಕೈಯಲ್ಲಿ ಕಿತ್ತಳೆ ಹಣ್ಣು ಪಿಚಕ್ಕೆಂದಿತು. ಅದರ ಅರ್ಥ ಆಗ ನನಗೆ ಹೊಳೆಯಲಿಲ್ಲ.

ರಸ್ತೆಯನ್ನು ಹೊಡೆದುಹಾಕಿ, ‘ರಸ್ತೆಯ ಹೊರಗೆ, ಚಾಲಕ’ ಎಂದು ಬರೆದುಕೊಂಡೆ. ಅಷ್ಟಕ್ಕೇ ಎದ್ದು ಬಂದಿದ್ದರೆ ನನ್ನ ಮಾನ ಉಳಿಯುತ್ತಿತ್ತು. “ಬೀಳುವಾಗ ಏನಾಯ್ತು, ವಿವರವಾಗಿ ಹೇಳಿ” ಎಂದೆ.

“ಏನ್ ಯೋಳನ ಅಳಿಯಂದ್ರೆ, ಇಡ್ಕಳಕ್ಕೆ ಏನೂ ಸಿಗ್ನಿಲ್ಲ.”

“ಹ್ಯಾಂಡಲ್ ಇತ್ತಲ್ಲ ಮಾವ?”

ಮಾವ ಮಗಳ ಮುಖ ನೋಡಿದರು. ಮಗಳು ಕಿಟಕಿ ನೋಡಿದಳು. ಅತ್ತೆ ನನ್ನನ್ನು ನೋಡಿ, “ಮನುಸ್ರು ಬಿದ್ದವ್ರೆ, ನಿಮ್ದೊಳ್ಳೆ ಪೊಲೀಸ್ ಟೇಸನ್ ಆಯ್ತಲ್ಲ” ಎಂದರು.

“ಅತ್ತೆ, ಓಡಿಸಿದವರಿಗೆ ಒಂದು ಕೋಡು, ಹಿಂದೆ ಕೂತವರಿಗೆ ಇನ್ನೊಂದು. ತಪ್ಪಾದರೆ ಮಾವ ಇಲ್ಲೇ ಇರಬೇಕಾಗುತ್ತೆ.”

ಮಾವ ಗಾಬರಿಯಾದರು. ಆಸ್ಪತ್ರೆಯ ಉಪ್ಪಿಲ್ಲದ ಸಾರು ಅವರನ್ನು ಆಗಲೇ ಅರ್ಧ ಇಳಿಸಿತ್ತು. “ನಾನ್ ಇಂದೆ ಕುಂತಿದ್ದೆ ಕಣಪ್ಪ” ಎಂದುಬಿಟ್ಟರು.

“ಹಾಗಾದರೆ ಓಡಿಸಿದವರು ಯಾರು?”

“ನಾನು ರೀ” ಎಂದಳು ಸವಿತಾ. “ಕಲಿಸಿ ಅಂದ್ರೆ ಕಾಲೇ ನೆಲಕ್ಕೆ ಎಟುಕಲ್ಲ ಅಂದ್ರಲ್ಲ. ಅಪ್ಪ ಕಲಿಸ್ತು. ಬೆಳಿಗ್ಗೆಯಿಂದ ಒಂದ್ಸಲನೂ ಬಿದ್ದಿರಲಿಲ್ಲ. ಟಿಪ್ಪರ್ ಕಡೆ ಹೋಗಬಾರದು, ಹೋಗಬಾರದು ಅಂತ ಅದನ್ನೇ ನೋಡ್ತಿದ್ದೆ. ಬೈಕ್ ಅಲ್ಲಿಗೇ ಹೋಯ್ತು.”

“ಬೈಕ್ ಈಗ ಹೇಗಿದೆ?” ಎಂದೆ.

“ಅದುಕ್ಕೂ ಒಂದ್ ಕೋಡ್ ಹಾಕ್ಬುಡಿ” ಎಂದರು ಅತ್ತೆ.

ಫೈಲ್ ಮತ್ತೆ ಮೇಡಂ ಮುಂದೆ ಹೋಯಿತು. “ಈಗ ಚಾಲಕ ಹೋಗಿ ಹಿಂಬದಿ ಸವಾರ ಆಗಿದ್ದಾರೆ. ಓಡಿಸಿದವರು ಯಾರು ಅಂತ ಖಚಿತವಾಗಿ ಗೊತ್ತಾ?”

“ಗೊತ್ತು ಮೇಡಂ. ನನ್ನ ಹೆಂಡತಿ.”

ಮೇಡಂ ಕನ್ನಡಕ ತೆಗೆದು ಒರೆಸಿಕೊಂಡು ಸಹಿ ಹಾಕಿದರು. ಫೈಲ್ ಪಾಸಾಯಿತು. ಮಾವ ಮನೆಗೆ ಹೋದರು. ಸವಿತಾ ಹಾಸನದಲ್ಲೇ ಎಲ್‌ಎಲ್‌ಆರ್ ಮಾಡಿಸಿದಳು. ಫೋಟೊದಲ್ಲಿ ಹಲ್ಲೆಲ್ಲ ಕಾಣುವಂತೆ ನಕ್ಕಿದ್ದಾಳೆ.

ನನ್ನ ಆಸೆಯೂ ಈಡೇರಿತೆನ್ನಿ. ನನ್ನ ಕೆಲಸ ಏನೆಂದು ಈಗ ಮಾವನ ಮನೆಯ ಬೀದಿಗೆಲ್ಲ ಗೊತ್ತು. ಮೊನ್ನೆ ಹೋದಾಗ ಜಗಲಿಯ ಮೇಲೆ ನಗುತ್ತ ಮಾತಾಡುತ್ತಿದ್ದವರು ನನ್ನನ್ನು ಕಂಡದ್ದೇ ಸುಮ್ಮನಾದರು. ಒಳಗಿನಿಂದ ಅತ್ತೆ ಪಿಸುಗುಟ್ಟಿದ್ದು ಹೊರಗೂ ಕೇಳಿಸಿತು: “ಅಳಿಯಂದ್ರು ಬಂದ್ರು, ಯಾರೂ ಉಸ್ರು ಬುಡ್ಬೇಡಿ. ಕೇಳಿ ಕೇಳಿ ನಿಜ ಈಚಿಗ್ ಎಳ್ಕಂಬುಡ್ತರೆ.”

ಅವತ್ತು ಕಾಫಿ ಬೇಕಾ ಎಂದು ಕೇಳಲೂ ಆ ಮನೆಯಲ್ಲಿ ಯಾರೂ ಬಾಯಿ ತೆರೆಯಲಿಲ್ಲ.