ಸೊಸಿಯ ಗುಳಿಗಿ, ನನ್ನ ಚಪ್ಪಲಿ

ನಾನು ಮೊದಲ ಸಲ ಮನಿ ಬಿಟ್ಟು ಹೊಂಟಿದ್ದು ಒಂದು ಮಂಗಳವಾರ. ಏಳನೇ ಇಯತ್ತೆಯ ಮಾಸ್ತರರು ಬೋರ್ಡಿನ ಮೇಲೆ ಉದ್ದನೆಯ ಭಾಗಾಕಾರ ಬರೆದಿಟ್ಟು ಚಾ ಕುಡಿಯಲು ಹೋಗಿದ್ದರು. ಅವರು ತಿರುಗಿ ಬರುವುದರೊಳಗೆ ನಾನು ಅಳವಂಡಿಯ ಬಸ್ಸು ಹತ್ತಿದ್ದೆ. ಮಂಗಳವಾರ ಹೊಂಟವರ ಕಾಲು ಒಂದು ಕಡೆ ನಿಲ್ಲುವುದಿಲ್ಲ ಅಂತಾರ. ನನ್ನವು ನಿಂತಿಲ್ಲ. ಗಂಗಾವತಿಯ ಅಕ್ಕಿ ಗಿರಣಿಯಲ್ಲಿ ಚೀಲ ಹೊಲಿದೆ, ವಿರೂಪಾಪುರಗಡ್ಡೆಯಲ್ಲಿ ಪ್ರವಾಸಿಗರ ತಟ್ಟೆ ತೊಳೆದೆ. ಈಗ ಕೊಪ್ಪಳದ ಒಂದು ರಕ್ತ ತಪಾಸಣೆ ಲ್ಯಾಬಿಗೆ ಬೈಕ್ ಓಡಿಸುತ್ತೇನೆ. ಕುಷ್ಟಗಿ, ಯಲಬುರ್ಗಾ, ಗಂಗಾವತಿಯ ಸಣ್ಣ ದವಾಖಾನೆಗಳಿಂದ ರಕ್ತ ತರುವುದು, ಮರುದಿನ ರಿಪೋರ್ಟು ಒಯ್ದು ಕೊಡುವುದು. ರಿಪೋರ್ಟು ಇಂಗ್ಲಿಷಿನಲ್ಲಿರುತ್ತದೆ, ನನಗೆ ಓದಲು ಬರುವುದಿಲ್ಲ. ಆದರೆ ಅಂಕಿ ದಪ್ಪ ಅಕ್ಷರದಲ್ಲಿದ್ದರೆ ತೊಂದರೆ, ತೆಳ್ಳಗಿದ್ದರೆ ಆರಾಮ, ಇಷ್ಟು ಗೊತ್ತು.

ಈ ಕೆಲಸದಲ್ಲಿ ನಗುವಂಥದ್ದು ದಿನಕ್ಕೊಂದು ನಡೆಯುತ್ತದೆ. ಬಸುರಿ ಇರುವ ಮನೆಯಲ್ಲಿ ಬಾಡಿಗೆಗೆ ಇದ್ದರೆ ದಿನಕ್ಕೆರಡು.

ಕಾಲ್ಗುಣ

ಗಿಣಿಗೇರಾದಲ್ಲಿ ನಾನು ಖೋಲಿ ಹಿಡಿದ ಮನೆಯಲ್ಲಿ ಮೂರು ಮಂದಿ. ಮನೆಯ ಯಜಮಾನಿ ಅವ್ವ, ಕಾರ್ಖಾನೆಯಲ್ಲಿ ಪಾಳಿ ಮಾಡುವ ಅವಳ ಮಗ, ಮತ್ತು ಸೊಸಿ. ಸೊಸಿ ಎರಡು ಸಲ ಬಸುರಾಗಿದ್ದಳು, ಎರಡು ಸಲವೂ ನಿಂತಿರಲಿಲ್ಲ. ಒಂದು ಮೂರನೇ ತಿಂಗಳಿಗೆ ಹೋಯಿತು, ಇನ್ನೊಂದು ಐದಕ್ಕೆ. ನಾನು ಹಾಸಿಗೆ ಸುರುಳಿ ಇಳಿಸಿದ ವಾರದಲ್ಲೇ ಮತ್ತೆ ಬಸುರಿ ಅಂತ ಗೊತ್ತಾಯಿತು.

ಈ ಸಲ ಡಾಕ್ಟರಮ್ಮ ಮೊದಲೇ ರಕ್ತ ತೆಗೆಸಿದರು. ಥೈರಾಯ್ಡಿನ ಅಂಕಿ ದಪ್ಪ ಅಕ್ಷರದಲ್ಲಿತ್ತು. "ಹಿಂದ ಇದನ್ನ ಯಾರೂ ನೋಡೇ ಇಲ್ಲ. ದಿನಾ ಗುಳಿಗಿ ತೊಗೋಬೇಕು, ತಪ್ಪಸಂಗಿಲ್ಲ" ಅಂದರು.

ಅವ್ವ ಮನೆಗೆ ಬಂದವಳು ಗುಳಿಗಿ ಡಬ್ಬಿ ನೋಡಿದಳು, ಆಮೇಲೆ ನನ್ನ ಕಾಲು ನೋಡಿದಳು.

"ತಮ್ಮಾ, ನೀ ಬಂದ ವಾರದಾಗ ನಿಂತೈತಿ. ಇದು ನಿನ್ನ ಕಾಲ್ಗುಣ. ಆಕಿ ಹಡಿಯೋತನಕ ಖೋಲಿ ಬಿಡಂಗಿಲ್ಲ ನೀ."

"ಅವ್ವಾರ, ಕಾಲ್ಗುಣ ಸೊಸಿದು ನೋಡ್ತಾರಂತ ಕೇಳೀನಿ. ಬಾಡಿಗಿ ಇದ್ದವಂದೂ ನೋಡ್ತಾರೇನ್ರಿ?"

"ಸೊಸಿದು ನೋಡಿ ಆತಲ್ಲೋ."

ಒಳಗಿನಿಂದ ಸೊಸಿಯ ದನಿ ಬಂತು: "ಕೇಳಸ್ತೈತ್ರಿ ಅತ್ತಿ!"

ನನ್ನನ್ನು ಹಡೆದ ಮನೆಯಲ್ಲೂ ಯಾರೂ ಇಷ್ಟು ಒತ್ತಾಯ ಮಾಡಿ ಇರಿಸಿಕೊಂಡಿರಲಿಲ್ಲ.

ಖಾಲಿ ಹೊಟ್ಟಿ

ತಿಂಗಳ ಮೇಲೆ ಮತ್ತೆ ರಕ್ತ ತೆಗೆದರು. ಅಂಕಿ ಇನ್ನೂ ದಪ್ಪಗೇ ಇತ್ತು. ಡಾಕ್ಟರಮ್ಮ ಅವ್ವನನ್ನು ಕೂರಿಸಿಕೊಂಡು ಕೇಳಿದರು, "ಗುಳಿಗಿ ಹೆಂಗ ಕೊಡ್ತೀರಿ?"

"ಬಿಸಿ ಚಾದಾಗ ಕರಗಿಸಿ ಕೊಡ್ತೀನ್ರಿ. ಬಸುರಿ ಹೆಣ್ಮಗಳು, ಖಾಲಿ ಹೊಟ್ಟಿಲೆ ಔಷಧ ಕುಡಸಾಕ ನನಗ ಮನಸ್ಸು ಬರಂಗಿಲ್ಲ. ಜೋಡಿ ಎರಡು ಬಿಸ್ಕೀಟು. ಆ ಕಬ್ಬಿಣದ ಗುಳಿಗಿನೂ ಅದರ ಕೂಡೇ ಕೊಟ್ಟು ಮುಗಿಸಿಬಿಡ್ತೀನಿ."

"ಅವ್ವಾ, ಇದನ್ನ ಖಾಲಿ ಹೊಟ್ಟಿಗೇ ಕೊಡಬೇಕು, ಬರೇ ನೀರಾಗ. ಅರ್ಧ ತಾಸು ಬಾಯಾಗ ಏನೂ ಹಾಕಬಾರದು. ಕಬ್ಬಿಣದ್ದು ನಾಕು ತಾಸು ಬಿಟ್ಟು."

"ಯಾಕ್ರೀ, ಎರಡೂ ಜಗಳಾಡ್ತಾವೇನು?"

"ಹೌದು. ಅತ್ತಿ ಸೊಸಿ ಇದ್ದಂಗ."

ಒಂದು ತಿಂಗಳ ಗುಳಿಗಿ ತನ್ನ ಕೈಯಿಂದಲೇ ಹಾಳಾಯಿತು ಅನ್ನುವುದು ಅವ್ವನಿಗೆ ನಾಟಿತ್ತು. ಮರುದಿನದಿಂದ ಹೊಸ ಕಾನೂನು ಬಂತು. ಸೊಸಿ ಗುಳಿಗಿ ನುಂಗಿ ಅರ್ಧ ತಾಸು ಆಗುವ ತನಕ ಮನೆಯಲ್ಲಿ ಒಲಿ ಹೊತ್ತಬಾರದು. ಚಾದ ವಾಸನೆ ಬಂದರೆ ಆಕೆಗೆ ಆಸೆಯಾಗುತ್ತದೆ. ರಾತ್ರಿ ಪಾಳಿ ಮುಗಿಸಿ ಬಂದ ಮಗ ಕಟ್ಟಿಯ ಮೇಲೆ ತಲೆ ಹಿಡಿದು ಕೂತ. ಅವ್ವ ಗಡಿಯಾರದ ಮುಂದೆ ಕೂತಳು.

"ಯವ್ವಾ, ಗುಳಿಗಿ ಆಕಿದು. ಉಪಾಸ ನಮಗ್ಯಾಕ?"

"ಕೂಸು ಯಾರದು?"

"ನಂದು."

"ಹಂಗಾರ ಸುಮ್ಮಕ ಕುಂದ್ರು."

ನಾನು ಬಾಯಿ ತೆರೆದೆ.

"ನೀನೂ ಕುಂದ್ರು. ಕಾಲ್ಗುಣ ನಿಂದು."

ನೂರರ ಗುಳಿಗಿ

ಅವ್ವನಿಗೂ ಥೈರಾಯ್ಡ್ ಇತ್ತು. ಎಷ್ಟೋ ವರ್ಷದಿಂದ ಐವತ್ತು ಮೈಕ್ರೋಗ್ರಾಮಿನ ಗುಳಿಗಿ ನುಂಗುತ್ತಿದ್ದಳು, ಅದನ್ನೂ ಚಾದ ಜೊತೆಗೇ. ಡಾಕ್ಟರಮ್ಮ ಸೊಸಿಗೆ ಎಪ್ಪತ್ತೈದು ಮಾಡಿದಾಗ ಅವ್ವ ಸುಮ್ಮನಿದ್ದಳು. ನೂರು ಮಾಡಿದ ದಿನ ತಡೆಯಲಿಲ್ಲ.

"ಈ ಮನಿಗೆ ನಾ ಬಂದು ಮೂವತ್ತು ವರ್ಷ ಆತು, ನನಗ ಐವತ್ತು. ಆಕಿ ನಿನ್ನಿ ಬಂದಾಕಿ, ಆಕಿಗೆ ನೂರು. ಇದ್ಯಾವ ನ್ಯಾಯರಿ?"

"ಆಕಿ ಎರಡು ಜೀವದಾಕಿ ಅವ್ವಾ. ಬಸುರಾಗಿದ್ದಾಗ ಜಾಸ್ತಿ ಬೇಕಾಗ್ತೈತಿ. ಹಡದ ಮ್ಯಾಲ ಮತ್ತ ಇಳಸ್ತೀನಿ."

ಅವ್ವ ಸಮಾಧಾನವಾದಳು. ಬಾಗಿಲ ತನಕ ಹೋಗಿ ತಿರುಗಿ ಬಂದಳು.

"ಆಕಿದು ಇಳಸ್ತೀರಲ್ಲ, ಆ ಐವತ್ತು ನನಗ ಹಚ್ಚಿಬಿಡ್ರಿ."

ಐದನೇ ತಿಂಗಳು

ನಾಲ್ಕು ತಿಂಗಳು ಒಂದೇ ಖೋಲಿಯಲ್ಲಿ ಇದ್ದದ್ದು ನನಗೆ ದಾಖಲೆ. ಕಾಲು ತುರಿಸತೊಡಗಿತು. ಗಂಗಾವತಿಯ ಕಡೆ ಒಂದು ಖೋಲಿ ನೋಡಿ ಬಂದು ಹಾಸಿಗೆ ಸುತ್ತಿದೆ. ಹೊರಗೆ ಬಂದರೆ ಚಪ್ಪಲಿ ಇಲ್ಲ.

ಅವ್ವ ಹೊಸ್ತಿಲಲ್ಲಿ ಕೂತಿದ್ದಳು. ಚಪ್ಪಲಿ ಆಕೆಯ ಸೀರೆಯ ಕೆಳಗಿದ್ದವು.

"ಹೋದ ಸಲ ಐದಕ್ಕ ಹೋತು ತಮ್ಮಾ," ಅಂದಳು. ಅವಳ ದನಿಯಲ್ಲಿ ಜಗಳ ಇರಲಿಲ್ಲ. "ಈ ಒಂದು ತಿಂಗಳು ದಾಟಲಿ."

ಹಾಸಿಗೆ ಬಿಚ್ಚಿದೆ. "ಇರ್ತೀನ್ರಿ. ಆದ್ರ ಡ್ಯೂಟಿಗೆ ಹೋಗಾಕ ಚಪ್ಪಲಿ ಬೇಕಲ್ರಿ?"

ಅವ್ವ ಒಂದು ಒಪ್ಪಂದಕ್ಕೆ ಬಂದಳು. ನಾನು ಎಲ್ಲಿ ಬೇಕಾದರೂ ತಿರುಗಬಹುದು, ಚಪ್ಪಲಿ ಮಾತ್ರ ಹಗಲೂ ರಾತ್ರಿ ಹೊಸ್ತಿಲ ಬಳಿ ಇರಬೇಕು. ಕಾಲು ಇರುವಲ್ಲಿ ಗುಣ ಇರುತ್ತದೆ, ಕಾಲು ಇರದಿದ್ದರೆ ಚಪ್ಪಲಿಯಾದರೂ ನಡೆಯುತ್ತದೆ. ಓಡಾಡಲು ಮಗನ ಹಳೆಯ ಕಾರ್ಖಾನೆ ಬೂಟು ಕೊಟ್ಟಳು. ಮುಂದೆ ಕಬ್ಬಿಣದ ತಗಡು ಇದ್ದದ್ದು, ಒಂದೊಂದು ಬೂಟು ಒಂದೊಂದು ಕಲ್ಲಿನಷ್ಟು ಭಾರ.

ಆ ಬೂಟಿನಲ್ಲಿ ಕುಷ್ಟಗಿಯ ದವಾಖಾನೆಯ ಮೆಟ್ಟಿಲು ಹತ್ತುವಾಗ ಒಳಗಿನ ನರ್ಸಮ್ಮ ಗಾಬರಿಯಿಂದ ಕೇಳಿದರು: "ರಕ್ತ ಒಯ್ಯಾಕ ಬಂದೀಯೋ, ಕಟ್ಟಡ ಕೆಡವಾಕ ಬಂದೀಯೋ?"

ಐದು ತುಂಬಿತು. ಆರಕ್ಕೆ ಬಿತ್ತು. ಚಪ್ಪಲಿಯ ಮಾನ ಹೆಚ್ಚಾಯಿತು.

ಅರ್ಧ ಗ್ಲುಕೋಸು

ಆರನೇ ತಿಂಗಳಲ್ಲಿ ಡಾಕ್ಟರಮ್ಮನ ದವಾಖಾನೆಯಲ್ಲಿ ಸಕ್ಕರೆ ತಪಾಸಣೆ. ಗ್ಲುಕೋಸು ಕಲಸಿದ ನೀರು ಪೂರ್ತಿ ಕುಡಿಯಬೇಕು, ಎರಡು ತಾಸು ಬಿಟ್ಟು ರಕ್ತ ತೆಗೆಯುತ್ತಾರೆ. ಮಗ ರಜೆ ಹಾಕಿ ಜೊತೆಗೆ ಹೋಗಿದ್ದ. ಅಂಕಿ ತೆಳ್ಳಗೆ ಬಂತು. ಮನೆಯಲ್ಲಿ ಹಬ್ಬ.

"ಪೂರಾ ಗ್ಲಾಸು ಕುಡದ್ಲಲ್ಲ, ಗಟ್ಟಿ ಹುಡುಗಿ" ಅಂದಳು ಅವ್ವ.

"ಎಲ್ಲಿ ಪೂರಾ ಯವ್ವಾ? ಆಕಿಗೆ ವಾಂತಿ ಬರಾಕಹತ್ತಿತ್ತು. ನರ್ಸಮ್ಮ ಆ ಕಡಿ ತಿರುಗಿದಾಗ ಅರ್ಧ ನಾ ಕುಡದೆ."

ಮರುದಿನ ಎಲ್ಲ ಮೊದಲಿನಿಂದ. ನರ್ಸಮ್ಮ ಮಗನಿಗೆ ಹೇಳಿದರು, "ಅಣ್ಣಾರ, ಅರ್ಧ ನೀವು ಕುಡದ್ರ ಅರ್ಧ ರಕ್ತಾನೂ ನಿಮ್ಮದ ತೆಗೀಬೇಕಾಗಿತ್ತು." ಈ ಸಲ ಅವನನ್ನು ಬಾಗಿಲ ಹೊರಗೆ ನಿಲ್ಲಿಸಿದರು. ಸೊಸಿ ಮೂಗು ಹಿಡಿದು ಪೂರ್ತಿ ಕುಡಿದಳು. ಅಂಕಿ ದಪ್ಪಗೆ ಬಂತು. ಸಿಹಿ ಬಂದ್, ದಿನಾ ನಡಿಗೆ, ವಾರಕ್ಕೊಮ್ಮೆ ತಪಾಸಣೆ.

ಮಗ ರಿಪೋರ್ಟು ಹಿಡಿದು ನನ್ನ ಕಡೆ ನೋಡಿದ. "ನೋಡಪಾ, ನಾ ಕುಡದಾಗ ಸಕ್ಕರಿ ಇದ್ದಿದ್ದಿಲ್ಲ."

ಕುಬಸ

ಸಿಹಿ ಬಂದ್ ಆದ ತಿಂಗಳಿಗೇ ಕುಬಸ. ಬಸುರಿಗೆ ಹಸಿರು ಸೀರೆ ಉಡಿಸಿ, ಹಸಿರು ಬಳೆ ಇಡಿಸಿ, ಓಣಿಯ ಹೆಂಗಸರೆಲ್ಲ ತಂದ ಸಿಹಿಯನ್ನು ಬಾಯಿಗೆ ಇಡುವ ಕಾರ್ಯ. ಇಟ್ಟ ಕೈಯನ್ನು ಬೇಡ ಅನ್ನುವ ಪದ್ಧತಿ ಇಲ್ಲ. ಸೊಸಿ ಮಾತ್ರ ಬಾಯಿ ಬಿಗಿಹಿಡಿದು ಕೂತಿದ್ದಳು.

ಅವ್ವ ಪಕ್ಕದಲ್ಲೇ ಕುರ್ಚಿ ಹಾಕಿಕೊಂಡಳು. ಶೇಂಗಾದ ಹೋಳಗಿ ಸೊಸಿಯ ತುಟಿಗೆ ತಾಕಿತು, ಅವ್ವನ ಬಾಯಿಗೆ ಹೋಯಿತು. ರವೆ ಉಂಡಿ ತಾಕಿತು, ಹೋಯಿತು. ಕರ್ಚಿಕಾಯಿ, ಮಾದಲಿ, ಒಂದೂ ತಿರುಗಿ ಹೋಗಲಿಲ್ಲ. ಯಾರ ಮನಸ್ಸೂ ನೋಯಲಿಲ್ಲ.

ಎರಡು ದಿನ ಬಿಟ್ಟು ಅವ್ವನಿಗೆ ತಲೆ ಸುತ್ತು. ಡಾಕ್ಟರಮ್ಮ ಸಕ್ಕರೆ ನೋಡಲು ಇಬ್ಬರದ್ದೂ ರಕ್ತ ತೆಗೆಸಿದರು. ಸೊಸಿಯದು ತೆಳ್ಳಗೆ, ಅವ್ವನದು ಕಣ್ಣಿಗೆ ರಾಚುವಷ್ಟು ದಪ್ಪ.

"ಅವ್ವಾ, ಕುಬಸ ಯಾರದಿತ್ತು?"

"ನಾ ಬಸುರಿದ್ದಾಗ ನನಗ ಯಾರೂ ಮಾಡಿದ್ದಿಲ್ರಿ. ಹಂಗ ಜೋಡೀಲೆ ಮುಗಸಿಕೊಂಡೆ."

ತೆಳ್ಳಗಿನ ಅಂಕಿ

ಒಂದು ಮಧ್ಯಾಹ್ನ ಕೊಪ್ಪಳದಲ್ಲಿ ಹೆರಿಗೆ ಆಯಿತು. ಹೆಣ್ಣು ಕೂಸು. ಮೂರನೇ ದಿನ ಅದರ ಹಿಮ್ಮಡಿಯಿಂದ ಒಂದು ಹನಿ ರಕ್ತ ತೆಗೆದರು, ಕೂಸಿಗೂ ಥೈರಾಯ್ಡ್ ಇದೆಯೋ ಹೇಗೆ ಅಂತ ನೋಡಲು. ಅದನ್ನೂ ನಾನೇ ಒಯ್ದೆ. ಅಷ್ಟು ಹಗುರಾದದ್ದನ್ನು ಅಷ್ಟು ನಿಧಾನವಾಗಿ ಬೈಕಿನ ಮೇಲೆ ಎಂದೂ ಒಯ್ದಿರಲಿಲ್ಲ.

ರಿಪೋರ್ಟು ತಂದಾಗ ತಾಯಿ ಮಗು ಮನೆಗೆ ಬಂದಿದ್ದರು. ಅವ್ವ ಬಾಗಿಲಲ್ಲಿ ನಿಂತಿದ್ದಳು.

"ತೆಳ್ಳಗೈತ್ರಿ ಅವ್ವಾರ."

ಅವ್ವ ಸೆರಗಿನಿಂದ ಮುಖ ಒರೆಸಿಕೊಂಡು, "ಚಾ ಮಾಡ್ತೀನಿ ತಡಿ" ಅಂದಳು. ಆ ದಿನ ಯಾರೂ ಗಡಿಯಾರ ನೋಡಲಿಲ್ಲ.

ಮುಂದಿನ ಮಂಗಳವಾರ ಹಾಸಿಗೆ ಸುತ್ತಿದೆ. ಬೂಟು ಒರೆಸಿ ಮಗನಿಗೆ ಕೊಟ್ಟೆ. ಹೊಸ್ತಿಲಿಗೆ ಬಂದರೆ ಚಪ್ಪಲಿ ಮತ್ತೆ ಇಲ್ಲ.

"ಅವ್ವಾರ, ಮಾತು ಮುಗಿದೈತಲ್ರಿ. ಹಡದಾತು."

"ನಾ ಏನು ಹಿಡಕೊಂಡೀನೇನು? ನೀ ಹೋಗು. ಚಪ್ಪಲಿ ಹೋಗ್ಯಾವ."

"ಎಲ್ಲಿಗ್ರಿ?"

"ಯಲಬುರ್ಗಾಕ್ಕ. ನನ್ನ ತಂಗಿ ಮಗಳಿಗೆ ಈಗ ಮೂರು ತಿಂಗಳು. ಹಿಂದಕೊಮ್ಮೆ ಹೋಗೈತಿ. ಆಕಿಗೂ ಇದ ಥೈರಾಯ್ಡ್. ಆಕಿ ಗಂಡ ನಿನ್ನಿ ಕೂಸು ನೋಡಾಕ ಬಂದಿದ್ದ, ಪೇಪರಿನಾಗ ಸುತ್ತಿ ಕೊಟ್ಟು ಕಳಿಸೀನಿ. ಅವರ ಮನ್ಯಾಗೂ ಒಂದು ಖೋಲಿ ಖಾಲಿ ಐತಿ, ಕಸ ಹೊಡದು ಇಟ್ಟಾರ."

ಮೊದಲ ಸಲ ಮಾಸ್ತರರಿಗೆ ಹೇಳದೆ ನಾನು ಹೊಂಟಿದ್ದೆ. ಈ ಸಲ ನನಗೆ ಹೇಳದೆ ಚಪ್ಪಲಿ ಹೊಂಟಿದ್ದವು.

ಹಾಸಿಗೆ ಸುರುಳಿ ಬೈಕಿಗೆ ಬಿಗಿದು ಬರಿಗಾಲಲ್ಲಿ ಕಿಕ್ ಹೊಡೆದೆ. ಬಾಣಂತಿ ಹೊರಗೆ ಬರುವಂತಿಲ್ಲ. ಸೊಸಿ ಕೂಸು ಎತ್ತಿಕೊಂಡು ಕಿಟಕಿಗೆ ಬಂದಳು. ಅವ್ವ ಒಳಗೆ ಹೋದದ್ದನ್ನು ನೋಡಿಕೊಂಡು ಮೆಲ್ಲಗೆ ಅಂದಳು:

"ಅಣ್ಣಾರ, ಚಪ್ಪಲಿ ಗಂಟಿನಾಗ ಒಂದು ಚೀಟಿ ಇಟ್ಟೀನ್ರಿ. ನೀವು ಹೋದ ಮ್ಯಾಲ ಅವರಿಗೆ ಜೋರಾಗಿ ಓದಿ ಹೇಳ್ರಿ. ಮೊದಲು ಗುಳಿಗಿ. ಅರ್ಧ ತಾಸು ಬಿಟ್ಟು ಚಾ. ಚಪ್ಪಲಿ ಯಾವಾಗ ಇಟ್ರೂ ನಡೀತೈತಿ."