ಗಂಗೆಯಲ್ಲಿ ಹೊಗೆ ಬಿಟ್ಟದ್ದು

ಕನ್ನಡದಲ್ಲಿ ‘ಬಿಡು’ ಎಂಬ ಒಂದು ಮಾತು ಇಲ್ಲದಿದ್ದರೆ ನಾನು ಇಷ್ಟು ಹೊತ್ತಿಗೆ ಮರ್ಯಾದಸ್ಥನಾಗಿರುತ್ತಿದ್ದೆ. ಮಾತು ಒಂದೇ, ಅದು ಮಾಡುವ ಕೆಲಸ ನೂರೆಂಟು. ಮಳೆ ಬಿಟ್ಟಿತು ಎಂದರೆ ನಿಂತಿತು, ಬಸ್ಸು ಬಿಟ್ಟಿತು ಎಂದರೆ ಹೊರಟಿತು. ಮರ ಹಣ್ಣು ಬಿಟ್ಟಿತು ಎಂದರೆ ಹಣ್ಣು ಬಂತು, ಹೆಂಡತಿ ಹಣ್ಣು ಬಿಟ್ಟಳು ಎಂದರೆ ಹಣ್ಣು ಹೋಯಿತು. ಬುರುಡೆ ಬಿಡುವವನಂತೂ ಬುರುಡೆಯನ್ನು ಜನ್ಮದಲ್ಲಿ ಬಿಡುವುದಿಲ್ಲ. ಹೊಗೆಯ ಕಥೆಯೂ ಇದೇ. ಸಿಗರೇಟಿಗೆ ದೊಡ್ಡ ನಮಸ್ಕಾರ ಹಾಕಿ ದೂರ ಸರಿದವನೂ ಹೊಗೆ ಬಿಟ್ಟವನೇ, ಮೂಗಲ್ಲಿ ಬಾಯಲ್ಲಿ ಬುಸುಬುಸು ಊದುತ್ತಾ ನಿಂತವನೂ ಹೊಗೆ ಬಿಟ್ಟವನೇ. ಈ ಎರಡು ಅರ್ಥಗಳ ನಡುವಿನ ಸಂದಿಯಲ್ಲಿ ನಾನು ನಾಲ್ಕು ಬೇಸಿಗೆ ಸಂಸಾರ ಮಾಡಿದೆ. ಹೆಮ್ಮೆಯಿಂದ ಹೇಳುತ್ತಿಲ್ಲ, ನೆನೆದರೆ ಈಗಲೂ ನಾಚಿಕೆಯಾಗುತ್ತದೆ.

ನಾನು ಮೈಸೂರಿನವನು. ಹೈದರಾಬಾದಿಗೆ ಬಂದು ಇಪ್ಪತ್ತೇಳು ವರ್ಷವಾಯಿತು. ನಾರಾಯಣಗೂಡದ ಒಂದು ಕೋಚಿಂಗ್ ಸೆಂಟರಿನಲ್ಲಿ ಕೆಮಿಸ್ಟ್ರಿ ಹೇಳಿಕೊಡುತ್ತೇನೆ. ಯಾವುದು ಉರಿದರೆ ಏನು ಹುಟ್ಟುತ್ತದೆ, ಅದು ಶ್ವಾಸಕೋಶಕ್ಕೆ ಹೋದರೆ ಏನು ಅನಾಹುತ ಎಂದು ಹಲಗೆ ತುಂಬ ಬರೆದು, ಕೈಯ ಸೀಮೆಸುಣ್ಣ ಒರೆಸಿಕೊಂಡು, ನೇರ ಹೊರಗೆ ಹೋಗಿ ಅದನ್ನೇ ಉರಿಸುತ್ತಿದ್ದೆ. ತಿಳಿವಳಿಕೆ ಇದ್ದರೆ ಚಟ ಹೋಗುತ್ತದೆ ಎನ್ನುವವರು ನನ್ನನ್ನು ಒಮ್ಮೆ ನೋಡಿಕೊಂಡು ಹೋಗಬೇಕು. ಮನೆ ಕಾಚಿಗೂಡದಲ್ಲಿ, ಎರಡನೆಯ ಮಹಡಿ. ಮೆಟ್ಟಿಲ ಮೇಲೆ ಕೆಮ್ಮು ಕೇಳಿಸಿದ ಕೂಡಲೇ ಕೆಳಗಿನ ಮನೆಯವರು ತೆಲುಗಿನಲ್ಲಿ ‘ಸಾರು ಒಚ್ಚಾರು’, ಮೇಷ್ಟ್ರು ಬಂದರು, ಎನ್ನುತ್ತಿದ್ದರು. ಹೆಂಡತಿ ಗಿರಿಜ ರಾಯಚೂರಿನವಳು. ಬೈಯುವ ಜಾತಿಯಲ್ಲ. ನಾನು ಸಿಗರೇಟು ಹಚ್ಚಿದರೆ ಎದ್ದು ಕಿಟಕಿ ತೆಗೆಯುತ್ತಿದ್ದಳು, ಅಷ್ಟೇ. ಒಂದು ಚಳಿಗಾಲದಲ್ಲಿ ಕೆಮ್ಮು ಜೋರಾಗಿ, ಡಾಕ್ಟರು ಎಕ್ಸ್‌ರೇ ಎತ್ತಿ ಹಿಡಿದು ನೋಡಿ, ಇನ್ನು ಸೇದಿದರೆ ನನ್ನ ಹತ್ತಿರ ಬರಬೇಡಿ ಎಂದರು. ಅವತ್ತು ಮನೆಗೆ ಬಂದು ನಾನು ಮತ್ತೊಂದು ಹಚ್ಚಿದಾಗ ಗಿರಿಜ ಕಿಟಕಿ ತೆಗೆಯಲಿಲ್ಲ. “ಕಾಶಿಗೆ ಹೋಗೋಣ ನಡೀರಿ” ಎಂದಳು.

ಕಾಶಿಗೆ ಹೋದವರು ಇಷ್ಟವಾದದ್ದೊಂದನ್ನು ಅಲ್ಲಿ ಬಿಟ್ಟು ಬರಬೇಕೆಂಬ ಪದ್ಧತಿ ನಿಮಗೆ ಗೊತ್ತೇ ಇದೆ. ನಮ್ಮ ಕಡೆಯವರು ಇದರಲ್ಲಿ ಮಹಾ ನಿಪುಣರು. ನಮ್ಮ ದೊಡ್ಡಪ್ಪ ಕಾಶಿಯಲ್ಲಿ ಹಾಗಲಕಾಯಿ ಬಿಟ್ಟು ಬಂದು, ಸಾಯುವವರೆಗೂ ತಮ್ಮ ತ್ಯಾಗದ ಬಗ್ಗೆ ಹೇಳಿಕೊಂಡರು. ಹುಟ್ಟಿದಾಗಿನಿಂದ ಅವರು ಹಾಗಲಕಾಯಿ ಬಾಯಿಗಿಟ್ಟದ್ದನ್ನು ಯಾರೂ ಕಂಡಿರಲಿಲ್ಲ. ನಾನೂ ರೈಲಿನಲ್ಲಿ ಕೂತು ಪಡವಲಕಾಯಿಯೋ ಸೀಮೆಬದನೆಯೋ ಎಂದು ಯೋಚಿಸುತ್ತಿದ್ದೆ. ಗಿರಿಜ ಅದಕ್ಕೆ ಆಸ್ಪದ ಕೊಡಲಿಲ್ಲ. ಗಂಗೆಯ ಮೆಟ್ಟಿಲ ಮೇಲೆ ನಿಂತು, “ನೀವು ಸಿಗರೇಟ್ ಬಿಡ್ರಿ. ಒಬ್ಬರ ಬಿಡೂದಂದ್ರ ಭಾಳ ತ್ರಾಸ ಆಕ್ಕೈತಿ. ನಿಮ್ಮ ಜೋಡಿ ನಾ ಮಾವಿನಹಣ್ಣು ಬಿಡ್ತೀನಿ” ಎಂದಳು.

ಇದರ ತೂಕ ಗೊತ್ತಾಗಬೇಕಾದರೆ ಗಿರಿಜ ಮಾವಿನಹಣ್ಣು ತಿನ್ನುವುದನ್ನು ನೀವು ನೋಡಿರಬೇಕಿತ್ತು. ಯುಗಾದಿ ಕಳೆಯುವುದೇ ತಡ, ಆಕೆಯ ಮುಖದ ಕಳೆಯೇ ಬೇರೆ. ಹಣ್ಣನ್ನು ಅಕ್ಕಿ ಡಬ್ಬಿಯಲ್ಲಿ ಹುಗಿದಿಟ್ಟು ದಿನಾ ತೆಗೆದು ಮೂಸಿ ಮತ್ತೆ ಹುಗಿಯುವಳು. ತಿನ್ನುವಾಗ ಮಾತಿಲ್ಲ ಕಥೆಯಿಲ್ಲ, ಮೊಣಕೈವರೆಗೂ ರಸ. ಅಂಥವಳು ಅದನ್ನು ಬಿಟ್ಟಳು. ಪಂಡಿತ ಹಿಂದಿಯಲ್ಲಿ ನನ್ನನ್ನು ಏನು ಬಿಡುತ್ತೀರಿ ಎಂದು ಕೇಳಿದ. ನಾನು ಸೊಂಟದ ಮಟ್ಟದ ತಣ್ಣೀರಿನಲ್ಲಿ ನಡುಗುತ್ತಾ, ಅಚ್ಚಗನ್ನಡದಲ್ಲಿ “ಹೊಗೆ ಬಿಟ್ಟೆ” ಎಂದೆ. ಆಣೆ ಮಾಡಿ ಹೇಳುತ್ತೇನೆ, ಆ ಕ್ಷಣದಲ್ಲಿ ನನ್ನ ಮನಸ್ಸಿನಲ್ಲಿ ಇದ್ದದ್ದು ಒಂದೇ ಅರ್ಥ. ಆದರೆ ನನ್ನ ಆಣೆಗೆ ಏನು ಬೆಲೆ ಎಂಬುದು ಮುಂದೆ ನಿಮಗೇ ಗೊತ್ತಾಗುತ್ತದೆ.

ಇಪ್ಪತ್ತೆರಡು ದಿನ ನಡೆಯಿತು. ಇಪ್ಪತ್ಮೂರನೆಯ ದಿನ ಯಾರೋ ಹುಡುಗಿ ತರಗತಿಯಲ್ಲಿ ಬಹಳ ಒಳ್ಳೆಯ ಪ್ರಶ್ನೆ ಕೇಳಿದಳು, ಆ ಖುಷಿಗೆ ಒಂದು ಸೇದಿದೆ. ಮರುದಿನ ಯಾರೂ ಏನೂ ಕೇಳಲಿಲ್ಲ, ಆ ಬೇಜಾರಿಗೆ ಇನ್ನೊಂದು. ಚಟದ ಮನಶ್ಶಾಸ್ತ್ರದಲ್ಲಿ ನಾನು ಕಂಡುಕೊಂಡದ್ದು ಇಷ್ಟೇ: ಸೇದಬೇಕು ಎಂಬುದು ಮೊದಲೇ ತೀರ್ಮಾನವಾಗಿರುತ್ತದೆ, ಕಾರಣವನ್ನು ದಾರಿಯಲ್ಲಿ ಹುಡುಕಿಕೊಳ್ಳುತ್ತೇವೆ. ಆಮೇಲೆ ಒಂದು ಸಂಜೆ ಗಿರಿಜ ಎಂದಿನ ಪ್ರೀತಿಯಲ್ಲಿ, “ಹೆಂಗ್ರಿ, ಬಿಟ್ಟೀರಲ್ಲ?” ಎಂದು ಕೇಳಿದಾಗ ನನಗೆ ವ್ಯಾಕರಣದ ಜ್ಞಾನೋದಯವಾಯಿತು. ಐದು ನಿಮಿಷದ ಹಿಂದೆಯಷ್ಟೇ ಬೀದಿಯ ತಿರುವಿನಲ್ಲಿ ಹೊಗೆ ಬಿಟ್ಟು ಬಂದಿದ್ದೆ. “ಬಿಟ್ಟೆ” ಎಂದೆ. ಸುಳ್ಳು ಹೇಳಿದಂತಾಗಲಿಲ್ಲ. ನಮ್ಮ ಭಾಷೆಯ ಸಂಪತ್ತಿನ ಬಗ್ಗೆ ಅಷ್ಟು ಅಭಿಮಾನ ನನಗೆ ಯಾವ ರಾಜ್ಯೋತ್ಸವದಲ್ಲೂ ಉಕ್ಕಿರಲಿಲ್ಲ.

ಭಾಷೆ ಒಂದು ಕಡೆ ಕಾಪಾಡಿದರೆ ಇನ್ನೊಂದು ಕಡೆ ಸೋಂಪು ಕಾಪಾಡಿತು. ಬೆರಳಿಗೆ ಸಾಬೂನು, ಬಾಯಿಗೆ ಸೋಂಪು. ಪ್ಯಾಕು ಮನೆಗೆ ತರುವಂತಿಲ್ಲವಾದ್ದರಿಂದ ಕೊಳ್ಳುತ್ತಿದ್ದುದು ಬಿಡಿ ಸಿಗರೇಟು. ಜಗತ್ತೆಲ್ಲ ನನಗೆ ಹೇಳುತ್ತಿದ್ದುದೂ ಅದನ್ನೇ, ಪದಗಳನ್ನು ಸ್ವಲ್ಪ ಹಿಂದುಮುಂದು ಮಾಡಿ. ಬೇಸಿಗೆ ಬಂತು. ಹೈದರಾಬಾದಿನಲ್ಲಿ ಬಂಗನಪಲ್ಲಿ ಹಣ್ಣಿಗೆ ಬೇನಿಷಾನ್ ಎನ್ನುತ್ತಾರೆ, ಕಲೆಯಿಲ್ಲದ್ದು ಎಂದು ಅರ್ಥ. ಗಿರಿಜ ನನಗಾಗಿ ಆರಿಸಿ ತಂದು, ಸಿಪ್ಪೆ ಹೆರೆದು, ಹೋಳು ಮಾಡಿ ತಟ್ಟೆಯಲ್ಲಿಟ್ಟು, ಕೈಗೆ ಅಂಟಿದ ರಸವನ್ನು ನಾಲಿಗೆಗೆ ತಾಗಿಸದೆ ನಲ್ಲಿಗೆ ಹಿಡಿಯುತ್ತಿದ್ದಳು. ನಾನು ತಿನ್ನುತ್ತಿದ್ದೆ. ಎದುರಿಗೆ ಕೂತು, “ಸಿಹಿ ಐತೇನ್ರಿ?” ಎಂದು ಕೇಳುತ್ತಿದ್ದಳು. ಹೀಗೆ ಒಂದಲ್ಲ, ನಾಲ್ಕು ಬೇಸಿಗೆ. ಗಂಟಲಿನಲ್ಲಿ ಒಂದು ಹೋಳಾದರೂ ಸಿಕ್ಕಿಕೊಳ್ಳಬಾರದಿತ್ತೇ, ಇಲ್ಲ, ಸಲೀಸಾಗಿ ಇಳಿಯುತ್ತಿತ್ತು.

ಈಗ ಶರಣಪ್ಪನ ವಿಷಯ ಹೇಳಬೇಕು. ಯಾದಗಿರಿ ಕಡೆಯವನು, ಟೈಲ್ಸ್ ಕೂರಿಸುವ ಮೇಸ್ತ್ರಿ, ನನಗಿಂತ ಹತ್ತು ವರ್ಷ ಚಿಕ್ಕವನು. ಕಡ್ಡಿಪೆಟ್ಟಿಗೆ ಕಿಸೆಯಲ್ಲಿದ್ದರೆ ಸಿಕ್ಕಿಬೀಳುತ್ತೇನೆಂದು ನಾನು ಅದನ್ನು ಇಟ್ಟುಕೊಳ್ಳುತ್ತಿರಲಿಲ್ಲ. ಒಂದು ಸಂಜೆ ಸ್ಟೇಷನ್ ಹತ್ತಿರದ ಚಹಾ ಹೋಟೆಲಿನ ಮುಂದೆ ಬೆಂಕಿಗಾಗಿ ತಡಕಾಡುತ್ತಿದ್ದಾಗ ಪಕ್ಕದಲ್ಲಿ ಬೀಡಿ ಹಿಡಿದು ನಿಂತಿದ್ದ ಅವನು, “ಕಡ್ಡಿ ಬೇಕೇನ್ರಿ ಸರ?” ಎಂದ. ದಿನವಿಡೀ ಇಂಗ್ಲಿಷು ತೆಲುಗು ಹಿಂದಿ ಮಾತಾಡಿ ಸವೆದ ಕಿವಿಗೆ ಆ ಕನ್ನಡ ಕೇಳಿ ಎಷ್ಟು ಹಿತವಾಯಿತೆಂದರೆ, ಮರುದಿನದಿಂದ ಅಲ್ಲಿಗೇ ಹೋಗತೊಡಗಿದೆ. ಅವನ ಕಡ್ಡಿ, ನನ್ನ ಚಹಾ. ಒಂದು ಕಡ್ಡಿಯಲ್ಲಿ ಅವನ ಬೀಡಿ, ನನ್ನ ಸಿಗರೇಟು ಎರಡೂ ಹತ್ತುತ್ತಿದ್ದವು. ಊರ ಜೋಳ, ಹೈದರಾಬಾದಿನ ಬಿಲ್ಡರುಗಳ ಬಡಿವಾರ, ಅವನ ಮಗಳ ಪರೀಕ್ಷೆ, ಎಲ್ಲ ಮಾತಾಡುತ್ತಿದ್ದೆವು. ಮನೆಯಲ್ಲಿ ಬಿಟ್ಟೆ ಎಂದು ಹೇಳಿದ್ದೇನೆ ಎಂಬುದೊಂದನ್ನು ಮಾತ್ರ ನಾನು ಹೇಳಿರಲಿಲ್ಲ.

ನಾಲ್ಕನೆಯ ಬೇಸಿಗೆಯಲ್ಲಿ ನಮ್ಮ ಅಡುಗೆಮನೆಯ ನೆಲದ ಟೈಲ್ಸ್ ಎದ್ದುಬಂದವು. ಪರಿಚಯದವನಿರುವಾಗ ಬೇರೆಯವರೇಕೆ ಎಂದು ಶರಣಪ್ಪನನ್ನೇ ಕರೆದೆ. ನಾನು ಮಾಡಿದ ತಪ್ಪುಗಳಲ್ಲಿ ದೇವರು ಮೆಚ್ಚಿದ್ದು ಇದೊಂದೇ ಇರಬೇಕು. ಮಧ್ಯಾಹ್ನ ಕೆಲಸ ಮುಗಿಸಿ ಕೈ ತೊಳೆದು ಬಂದವನಿಗೆ ಗಿರಿಜ ತಟ್ಟೆ ತುಂಬ ಹಣ್ಣು ಹೆಚ್ಚಿಕೊಟ್ಟಳು. ಅವನು ಸಂಕೋಚದಿಂದ, “ನೀವೂ ತಗೋರಿ ಅಕ್ಕಾರ” ಎಂದ. ನಾನು ಪಕ್ಕದಲ್ಲೇ ಕೂತು ನನ್ನ ಪಾಲಿನ ಹೋಳು ಚೀಪುತ್ತಿದ್ದೆ.

“ನಾ ತಿನ್ನಂಗಿಲ್ಲಪ್ಪ, ಕಾಶಿಯಾಗ ಬಿಟ್ಟೀನಿ” ಎಂದಳು ಗಿರಿಜ. “ಸರ ಸಿಗರೇಟ್ ಬಿಟ್ರಲ್ಲ, ಅವರ ಜೋಡಿ ಬಿಟ್ಟೆ.”

ಶರಣಪ್ಪ ನನ್ನನ್ನು ನೋಡಿದ. ಹಿಂದಿನ ಸಂಜೆಯಷ್ಟೇ ಅವನ ಕಡ್ಡಿಯಿಂದ ಎರಡು ಹಚ್ಚಿದ್ದೆ. ನಾನು ಹೊಸ ಟೈಲ್ಸಿನ ಗೆರೆ ನೇರವಾಗಿದೆಯೇ ಎಂದು ಪರೀಕ್ಷಿಸುವವನಂತೆ ನೆಲ ನೋಡಿದೆ. ಅವನು ತಟ್ಟೆಯ ಹಣ್ಣನ್ನು ಒಂದೂ ಬಿಡದೆ ನಿಧಾನವಾಗಿ ತಿಂದು, “ಭಾಳ ಚಲೋ ಅದಾವ್ರಿ ಅಕ್ಕಾರ” ಎಂದು ಕೈಮುಗಿದು ಹೋದ.

ಮರುದಿನ ಸಂಜೆ ಚಹಾ ಹೋಟೆಲಿನ ಮುಂದೆ ಸಿಗರೇಟು ಬಾಯಿಗಿಟ್ಟು ಎಂದಿನಂತೆ ಕೈ ಚಾಚಿದೆ. ಅವನ ಕೈ ಕಿಸೆಯಲ್ಲೇ ಇತ್ತು.

“ಕಡ್ಡಿ ಕೊಡಂಗಿಲ್ರಿ ಸರ” ಎಂದ. “ಅಕ್ಕಾರ ಕೈಯಾಗಿನ ಹಣ್ಣು ತಿಂದೀನಿ.”

ನನಗೆ ಸಿಟ್ಟು ಬಂತು. ನಿನಗೆ ಇದೆಲ್ಲ ಯಾಕಯ್ಯಾ ಎನ್ನಬೇಕೆಂದುಕೊಂಡೆ. ಕಾಚಿಗೂಡದಲ್ಲಿ ಬೆಂಕಿಗೇನು ಬರವೇ, ಪಕ್ಕದವನನ್ನು ತೆಲುಗಿನಲ್ಲಿ ಕೇಳಿದ್ದರೆ ಸಿಗುತ್ತಿತ್ತು. ಕೇಳಲು ಬಾಯಿ ಏಳಲಿಲ್ಲ. ಶರಣಪ್ಪ ತನ್ನ ಬೀಡಿಯನ್ನೂ ಹಚ್ಚದೆ ಕಿವಿಯ ಮೇಲೆ ಸಿಕ್ಕಿಸಿಕೊಂಡು, “ಚಾ ಕುಡೀರಿ ಸರ, ಆರಿ ಹೊಕ್ಕೈತಿ” ಎಂದ. ಕುಡಿದೆ. ಆ ಸಿಗರೇಟು ಹಚ್ಚದೆ ಉಳಿಯಿತು, ಮೋರಿಗೆ ಎಸೆದು ಮನೆಗೆ ಬಂದೆ.

ಬಿಡುವುದು ಎಷ್ಟು ಕಷ್ಟ ಎಂದು ಬಿಟ್ಟವರೆಲ್ಲ ಹೇಳುತ್ತಾರೆ. ಆದರೆ ಅವರಿಗೆ ಹೇಳಿಕೊಳ್ಳಲು ಜನವಾದರೂ ಇರುತ್ತಾರೆ. ಮೂರು ವರ್ಷಕ್ಕೂ ಹಿಂದೆಯೇ ಬಿಟ್ಟವನು ಈಗ ಬಿಡುತ್ತಿದ್ದೇನೆ ಎಂದು ಯಾರ ಹತ್ತಿರ ಹೇಳಲಿ? ಕದ್ದು ಸೇದಿದ ತಪ್ಪಿಗೆ ಕದ್ದೇ ಬಿಡಬೇಕಾಯಿತು. ತಲೆನೋವು, ಸುಮ್ಮನೆ ಕೂತಲ್ಲಿ ಕಣ್ಣೀರು. ತರಗತಿಯಲ್ಲಿ ಇಂಗಾಲಕ್ಕೆ ನಾಲ್ಕರ ಬದಲು ಐದು ಬಂಧ ಬರೆದು ಹುಡುಗರಿಂದ ನಗಿಸಿಕೊಂಡೆ. ಕೈ ತನ್ನಷ್ಟಕ್ಕೆ ಕಿಸೆಗೆ ಹೋಗುತ್ತಿತ್ತು, ಸೀಮೆಸುಣ್ಣದ ತುಂಡು ಸಿಕ್ಕರೆ ಅದನ್ನೇ ಬೆರಳ ಸಂದಿಯಲ್ಲಿ ಹಿಡಿದು ನಿಲ್ಲುತ್ತಿದ್ದೆ. ಗಿರಿಜ, “ಯಾಕ್ರಿ, ಮೈಯಾಗ ಆರಾಮಿಲ್ಲೇನು?” ಎಂದು ಕೇಳಿದರೆ, ಬಿಸಿಲು ಎಂದೆ. ಆಕೆ ಹೆಚ್ಚು ಕೇಳಲಿಲ್ಲ. ಆ ದಿನಗಳಲ್ಲಿ ನನ್ನ ಚೀಲದಲ್ಲಿ ದಿನಾ ನಾಲ್ಕು ಶೇಂಗಾ ಉಂಡಿ ಇರುತ್ತಿದ್ದವು. ಹಬ್ಬವಿಲ್ಲ ಹುಣ್ಣಿಮೆಯಿಲ್ಲ, ಇದೇನು ಉಂಡಿ ಎಂದು ಯೋಚಿಸುವಷ್ಟು ಬುದ್ಧಿಯೂ ನನಗೆ ಉಳಿದಿರಲಿಲ್ಲ, ಸುಮ್ಮನೆ ತಿಂದೆ.

ವರ್ಷ ತುಂಬಿತು. ಈ ಬೇಸಿಗೆ, ಮೊದಲ ಬೇನಿಷಾನ್ ಬಂದ ದಿನ, ನಾನೇ ಹಣ್ಣು ಕೊಂಡು ತಂದು, ನಾನೇ ಹೆಚ್ಚಿದೆ. ಹೋಳುಗಳು ಓರೆಕೋರೆಯಾದವು. ತಟ್ಟೆಯನ್ನು ಗಿರಿಜೆಯ ಮುಂದಿಟ್ಟು, ತಿನ್ನು ಎಂದೆ. ಕಾಶಿಯಲ್ಲಿ ಬಿಟ್ಟಿದ್ದೇನಲ್ಲ ಎಂದಳು. ಆಗ ಎಲ್ಲವನ್ನೂ ಹೇಳಿದೆ. ಇಪ್ಪತ್ಮೂರನೆಯ ದಿನ, ಸೋಂಪು, ಶರಣಪ್ಪನ ಕಡ್ಡಿ, ಕೊನೆಗೆ ‘ಬಿಟ್ಟೆ’ ಎಂಬುದಕ್ಕೆ ಎರಡು ಅರ್ಥವಿರುವ ವಿಚಾರ, ಎಲ್ಲ. ಗಿರಿಜ ಅಕ್ಕಿ ಆರಿಸುತ್ತಿದ್ದವಳು ಮೊರದಿಂದ ಕಣ್ಣೆತ್ತಲಿಲ್ಲ.

“ಗೊತ್ತೈತ್ರಿ” ಎಂದಳು.

“ಯಾವಾಗಿನಿಂದ?”

“ಕಾಶಿಯಿಂದ ಬಂದ ಮರುತಿಂಗಳ. ನಿಮ್ಮ ಅಂಗಿ ಒಗಿಯಾಕಿ ನಾನ ಅಲ್ಲೇನ್ರಿ? ಬಾಯಿಗಿ ಸೋಂಪು ಹಾಕ್ಕೊಂಡ್ರಿ, ಅಂಗೀಗಿ ಯಾರು ಹಾಕ್ತಾರ? ಹೋದ ವರ್ಷ ಖರೇನ ಬಿಟ್ರಿ, ಅದೂ ಗೊತ್ತೈತಿ. ಉಂಡಿ ಸುಮ್ಮನ ಕಟ್ಟಿದ್ನೇನು?”

ನನಗೆ ಭೂಮಿಗಿಳಿದು ಹೋಗುವಂತಾಯಿತು. “ಗೊತ್ತಿದ್ದೂ ಹಣ್ಣು ಯಾಕೆ ತಿನ್ನಲಿಲ್ಲ? ನಾನೇ ಮಾತು ಮುರಿದ ಮೇಲೆ ನಿನ್ನದೇನು?” ಎಂದೆ.

“ಇಬ್ಬರೂ ಮಾತ ತಪ್ಪಿದ್ರ ಮನಿ ಹೆಂಗ ನಡೀತೈತ್ರಿ? ನಾ ಹಿಡಕೊಂಡು ಕುಂತ್ರ ನೀವೂ ಒಂದಿನ ಬರ್ತೀರಿ ಅಂತ ಕುಂತೆ.”

“ಬಂದೆನಲ್ಲ, ಈಗಲಾದರೂ ತಿನ್ನು.”

“ನಿಮ್ಮ ಮೈಸೂರಾಗ ಎರಡು ಅರ್ಥ ಇರಬೇಕು. ನಮ್ಮ ರಾಯಚೂರಾಗ ಬಿಟ್ಟದ್ದಂದ್ರ ಬಿಟ್ಟದ್ದರಿ.”

ನಾಲ್ಕು ಬೇಸಿಗೆ ಆಕೆ ಕೇಳುತ್ತಿದ್ದ ‘ಸಿಹಿ ಐತೇನ್ರಿ’ ನೆನಪಾಗಿ ನನಗೆ ತಡೆಯಲಾಗಲಿಲ್ಲ. ತಟ್ಟೆಯನ್ನು ದೂರ ತಳ್ಳಿ, “ಹಾಗಾದರೆ ಇವತ್ತಿನಿಂದ ನಾನೂ ಮಾವಿನಹಣ್ಣು ಬಿಟ್ಟೆ” ಎಂದೆ.

ಅಷ್ಟು ಹೊತ್ತು ಸಮಾಧಾನವಾಗಿದ್ದ ಗಿರಿಜ ಆಗ ನಿಜವಾಗಿ ಗಾಬರಿಯಾದಳು. ಮೊರ ಕೆಳಗಿಟ್ಟು, ತಟ್ಟೆಯನ್ನು ನನ್ನ ಕಡೆಗೇ ಸರಿಸಿದಳು.

“ಬ್ಯಾಡ್ರಿ, ನಿಮಗ ಕೈಮುಗೀತೀನಿ. ನೀವು ಇಲ್ಲೇ ನನ್ನ ಎದುರಿಗೆ ತಿಂದುಬಿಡ್ರಿ. ನಾಳಿಂದ ಅಂಗಿ ಕಿಸೆದಾಗ ಗೊರಟಿ ಹುಡುಕಾಕ ನನ್ನ ಕೈಲೆ ಆಗಂಗಿಲ್ಲ.”

ತಿಂದೆ. ಸಿಹಿ ಇದೆಯೇ ಎಂದು ಆಕೆ ಕೇಳುವ ಮೊದಲೇ, ಇದೆ ಎಂದು ನಿಜ ಹೇಳಿದೆ.