ಹೋತ ತಿಂದ ಐದನೆಯ ಅಧ್ಯಾಯ

ಟೈಪಿಂಗ್ ಕಲಿಸುವವನಿಗೆ ಸ್ವಂತ ಅಭಿಪ್ರಾಯ ಇರಬಾರದು ಎಂಬುದು ನನ್ನ ಅಭಿಪ್ರಾಯ. ಕಾಪಿಯಲ್ಲಿ ಏನಿದೆಯೋ ಅದನ್ನು ಹೊಡೆಯಬೇಕು, ಹೆಚ್ಚೂ ಇಲ್ಲ, ಕಡಿಮೆಯೂ ಇಲ್ಲ. ತುಮಕೂರಿನ ಉಪ್ಪಾರಹಳ್ಳಿಯಲ್ಲಿ ನಮ್ಮ ಮನೆಯ ಮುಂದಿನ ಕೋಣೆಯಲ್ಲೇ ನನ್ನ ಟೈಪಿಂಗ್ ಶಾಲೆ. ಮನೆಯೊಳಗೆ ಉರ್ದು, ಬೀದಿಯಲ್ಲಿ ಕನ್ನಡ, ಹೊಟ್ಟೆಪಾಡಿಗೆ ಇಂಗ್ಲಿಷು ಎಂದು ಮೂರು ಭಾಷೆಯಲ್ಲಿ ಬದುಕುತ್ತಿದ್ದವನು ನಾನು. ವರ್ಗಾವಣೆಯ ಅರ್ಜಿ, ತೆಂಗಿನ ತೋಟದ ವ್ಯಾಜ್ಯ, ಕೊತ್ತಗೆರೆಯ ಗೌಡರೊಬ್ಬರ ಭಾವಮೈದುನನ ಮೇಲಿನ ದೂರು, ಯಾವುದನ್ನು ಹೊಡೆದರೂ ಅದು ಬೆರಳಿನಲ್ಲೇ ನಿಲ್ಲುತ್ತಿತ್ತು, ತಲೆಗೆ ಏರುತ್ತಿರಲಿಲ್ಲ. ಎಪ್ಪತ್ತರ ದಶಕದ ಕೊನೆಯಲ್ಲಿ ಗುಬ್ಬಿಯ ಸುಮಿತ್ರಪ್ಪ ಮೇಷ್ಟ್ರು ಬಂದರು ನೋಡಿ, ಅಲ್ಲಿಂದ ನಾನು ಕೆಟ್ಟೆ.

ಮೇಷ್ಟ್ರು ಕ್ರೈಸ್ತರು, ಹೈಸ್ಕೂಲಿನಲ್ಲಿ ಚರಿತ್ರೆ ಹೇಳಿ ನಿವೃತ್ತರಾದವರು. ಹನ್ನೊಂದು ವರ್ಷದಿಂದ ಇಂಗ್ಲಿಷಿನಲ್ಲಿ ಒಂದು ಪಿಎಚ್‌ಡಿ ಪ್ರಬಂಧ ಬರೆಯುತ್ತಿದ್ದರು. ವಿಷಯ ಇದು: ಸುಮಾರು ಎರಡು ಸಾವಿರ ವರ್ಷದ ಹಿಂದೆ ಮತ ಸಾರುತ್ತಿದ್ದ ಒಬ್ಬ ಅಪೊಸ್ತಲರು ಗ್ರೀಸ್ ದೇಶದ ಒಂದು ಬಂದರು ಪಟ್ಟಣದ ಕ್ರೈಸ್ತ ಸಭೆಯವರಿಗೆ ಬರೆದ ಕಾಗದದಲ್ಲಿ, ಸತ್ತವರು ಮತ್ತೆ ಏಳುತ್ತಾರೆ ಎಂಬುದನ್ನು ಹೇಗೆ ವಾದ ಮಾಡಿ ಒಪ್ಪಿಸಿದರು? ನಾನು ಮೊದಲು ಕೇಳಿದಾಗ, ಒಂದು ಕಾಗದ ಓದಲು ಹನ್ನೊಂದು ವರ್ಷವೇ ಅಂದುಕೊಂಡೆ. ಸತ್ತವರು ಏಳುವುದು ನಮಗೇನೂ ಹೊಸ ಮಾತಲ್ಲ, ನಮ್ಮಲ್ಲೂ ಕಯಾಮತ್ ಎಂಬ ಕೊನೆಯ ದಿನ ಇದೆ. ಆದರೆ ಅದನ್ನು ಹೇಳುವ ವರಸೆ ಇದೆಯಲ್ಲ, ಅದಕ್ಕೆ ನಾನು ಮರುಳಾಗಿಬಿಟ್ಟೆ.

"ನೋಡಿ ಸಾಹೇಬ್ರೇ, ಸತ್ತೋರು ಏಳಲ್ಲ ಅಂತ ಆ ಊರಲ್ಲಿ ಕೆಲವರು ಅಂತಿದ್ರು. ಅಪೊಸ್ತಲರು ಬೈಲಿಲ್ಲ. ಆಯ್ತಪ್ಪಾ, ನಿಮ್ ಮಾತೇ ನಿಜ ಅಂತ ಇಟ್ಕೊಳ್ಳೋಣ ಅಂದ್ರು. ಹಂಗಾದ್ರೆ ಇದೂ ಸುಳ್ಳಾಗುತ್ತೆ, ಇದು ಸುಳ್ಳಾದ್ರೆ ಅದೂ ಸುಳ್ಳಾಗುತ್ತೆ ಅಂತ ಕೈ ಹಿಡ್ಕೊಂಡು ಒಂದೊಂದೇ ಮೆಟ್ಲು ಇಳಿಸ್ಕೊಂಡು ಹೋದ್ರು. ಕೊನೇ ಮೆಟ್ಲಲ್ಲಿ ನಿಂತು ಎದುರಾಳಿ ತಾನೇ ಕೂಗ್ತಾನೆ, ಅಯ್ಯೋ ನನ್ನ ಮೇಲಕ್ಕೆ ಕರ್ಕೊಂಡ್ ಹೋಗಿ ಅಂತ." ಹೀಗೆ ಹೇಳುವಾಗ ಮೇಷ್ಟ್ರ ಕಣ್ಣು ಹೊಳೆಯುತ್ತಿತ್ತು. ಬಿತ್ತಿದ ಕಾಳು ಮಣ್ಣಲ್ಲಿ ಇಲ್ಲವಾಗಿ ಬೇರೆಯದೇ ರೂಪದಲ್ಲಿ ಮೇಲೇಳುವ ಉಪಮೆಯನ್ನು ನನಗೆ ಅರ್ಥ ಮಾಡಿಸಲು ಜೇಬಿನಲ್ಲಿ ರಾಗಿ ಕಾಳು ಹಾಕಿಕೊಂಡು ಗುಬ್ಬಿಯಿಂದ ಬಸ್ಸು ಹತ್ತಿ ಬಂದಿದ್ದರು. ಟೈಪಿಸ್ಟನಿಗೂ ಅರ್ಥವಾಗಲಿ ಎಂದು ಇಷ್ಟು ಕಷ್ಟಪಡುವ ಪಂಡಿತರನ್ನು ನಾನು ಇನ್ನೊಬ್ಬರನ್ನು ಕಂಡಿಲ್ಲ.

ಅವರಿಗೆ ಇದ್ದದ್ದು ಒಂದೇ ಚಟ, ತಿದ್ದುವುದು. ಬರೆದದ್ದು ಎದುರಿಗಿದ್ದರೆ ತಿದ್ದದೆ ಇರಲಾರರು. ಅದಕ್ಕೇ ಹನ್ನೊಂದು ವರ್ಷ. ಕೊನೆಗೆ ವಿಶ್ವವಿದ್ಯಾಲಯದವರು ಈ ತಿಂಗಳ ಕೊನೆಗೆ ಒಪ್ಪಿಸದಿದ್ದರೆ ನೋಂದಣಿ ರದ್ದು ಎಂದು ಕಾಗದ ಬರೆದರು. ಆಗ ಮೇಷ್ಟ್ರ ಮನೆಯವರು ಒಂದು ಕಾನೂನು ಮಾಡಿದರು. ಟೈಪಾದ ಅಧ್ಯಾಯದ ಪ್ರೂಫ್ ನೋಡಿ ಮುಗಿಸಿದ ದಿನವೇ ಅದರ ಹಸ್ತಪ್ರತಿ ಬಚ್ಚಲ ಒಲೆಗೆ ಹೋಗಬೇಕು. ನಾಲ್ಕು ಅಧ್ಯಾಯ ಹೀಗೇ ನೀರು ಕಾಯಿಸಿದವು. ಐದನೆಯದು ಪ್ರಬಂಧದ ಜೀವ. ಅದಕ್ಕೆಂದೇ ಮೇಷ್ಟ್ರು ಹೊಸ ಕಾರ್ಬನ್ ಪೆಟ್ಟಿಗೆ ತಂದು, "ಇದಕ್ಕೆ ಹಾಳೆ ಹಾಳೆಗೂ ಹೊಸ ಕಾರ್ಬನ್ ಹಾಕಿ ಸಾಹೇಬ್ರೇ" ಅಂದಿದ್ದರು. ಹಾಗೇ ಹಾಕಿ ಒಂದು ಮೂಲಪ್ರತಿ, ಮೂರು ಕಾರ್ಬನ್ ಪ್ರತಿ ತೆಗೆದೆ. ಅವರು ಪ್ರೂಫ್ ನೋಡಿ ಒಪ್ಪಿದರು, ಹಸ್ತಪ್ರತಿ ಒಲೆ ಸೇರಿತು. ಹಿಂದಿನ ಅಧ್ಯಾಯಗಳು ಆಗಲೇ ಟ್ರಂಕು ಸೇರಿದ್ದವು, ಇದರ ನಾಲ್ಕೂ ಪ್ರತಿ ನನ್ನ ಮೇಜಿನ ಮೇಲೆ ಬೈಂಡಿಗೆ ಕಾದಿದ್ದವು.

ಈಗ ಹೋತದ ವಿಚಾರ. ಬಕ್ರೀದಿಗೆಂದು ಕುಣಿಗಲ್‌ನ ನನ್ನ ಭಾವ ತಂದುಕೊಟ್ಟ ಹೋತವನ್ನು ಕೋಣೆಯ ಕಿಟಕಿ ಸರಳಿಗೆ ಹೊರಗಿನಿಂದ ಕಟ್ಟಿದ್ದೆ. ನನ್ನ ಹೆಂಡತಿ ಜಮೀಲಾ ಬೆಳಿಗ್ಗೆಯೇ ಹೇಳಿದಳು. ಅವಳು ಹೇಳಿದ್ದು ಉರ್ದುವಿನಲ್ಲಿ, ಕನ್ನಡಕ್ಕೆ ತಂದರೆ ಬಿಸಿ ಸ್ವಲ್ಪ ಆರಿರುತ್ತದೆ: "ಏನ್ರೀ, ಆ ಕಾಗದ ಟ್ರಂಕಿನಲ್ಲಿಡಿ. ಹೋತ ಒಳಗೆ ಬಂದ್ರೆ ಏನ್ ಗತಿ?" ಸುಮ್ಮನೆ ಎತ್ತಿಟ್ಟಿದ್ದರೆ ಮುಗಿಯುತ್ತಿತ್ತು. ನನ್ನ ತಲೆಯಲ್ಲಿ ಮೇಷ್ಟ್ರ ಮೆಟ್ಟಿಲು ಕೂತಿತ್ತಲ್ಲ! "ಆಯ್ತು, ಹೋತ ಒಳಗೆ ಬರುತ್ತೆ ಅಂತಲೇ ಇಟ್ಟುಕೊಳ್ಳೋಣ. ಬರಬೇಕಾದರೆ ನಾನು ಹಾಕಿದ ಗಂಟು ಬಿಚ್ಚಬೇಕು. ಗಂಟು ಬಿಚ್ಚಿದರೆ ನಮ್ಮಪ್ಪ ನನಗೆ ಗಂಟು ಕಲಿಸಿದ್ದು ಸುಳ್ಳು. ಅದು ಸುಳ್ಳಾದರೆ ಅವರು ನಲವತ್ತು ವರ್ಷ ಮಂಡಿಯಲ್ಲಿ ಮೂಟೆ ಕಟ್ಟಿದ್ದೂ ಸುಳ್ಳು. ಹೇಳು, ನಿನ್ನ ಮಾವನ ಬದುಕೇ ಸುಳ್ಳೇನು?" ಅವಳು ಹಣೆ ಚಚ್ಚಿಕೊಂಡು ಒಳಗೆ ಹೋದಳು. ಗೆದ್ದೆ ಅಂದುಕೊಂಡು ಶುಕ್ರವಾರದ ಜುಮ್ಮಾ ನಮಾಜಿಗೆ ಹೊರಟೆ.

ವಾಪಸು ಬಂದಾಗ ನಮ್ಮಪ್ಪನ ಮಾನಕ್ಕೆ ಏನೂ ಆಗಿರಲಿಲ್ಲ, ಗಂಟು ಸರಳಿನ ಮೇಲೆ ಬಿಗಿಯಾಗಿಯೇ ಇತ್ತು. ಹೋತ ಹಗ್ಗವನ್ನೇ ತಿಂದಿತ್ತು. ಆಮೇಲೆ ತೆರೆದಿದ್ದ ಬಾಗಿಲಿಂದ ಒಳಗೆ ಬಂದು ಐದನೆಯ ಅಧ್ಯಾಯವನ್ನು, ಮೂಲಪ್ರತಿ, ಕಾರ್ಬನ್ ಪ್ರತಿ ಎಂಬ ಭೇದವಿಲ್ಲದೆ ಮುಗಿಸಿತ್ತು. ಮಿಕ್ಕ ಚೂರುಗಳಲ್ಲಿ ಒಂದು ಪೂರ್ತಿ ವಾಕ್ಯ ಇರಲಿಲ್ಲ.

ಮಾರನೆಯ ದಿನ ಶನಿವಾರ ಮೇಷ್ಟ್ರು ಬಂದರು. ಬಾಗಿಲಲ್ಲೇ ನಿಲ್ಲಿಸಿ ಎಲ್ಲ ಹೇಳಿದೆ. ಅವರು ನಿಧಾನವಾಗಿ ಬೆಂಚಿನ ಮೇಲೆ ಕೂತರು. ಅವರು ಕೇಳಿದ ಮೊದಲ ಮಾತು, "ಹೋತಕ್ಕೇನೂ ಆಗಿಲ್ಲ ತಾನೆ? ಮಸಿ ಹೊಟ್ಟೆಗೆ ಒಳ್ಳೇದಲ್ಲ." ಬೈದಿದ್ದರೆ ತಡೆದುಕೊಳ್ಳುತ್ತಿದ್ದೆ, ಆ ಮಾತಿಗೆ ನನಗೆ ಅಳುವೇ ಬಂತು. "ವಾದ ತಲೇಲಿದೆ, ಹೆಂಗೋ ಬರೀಬಹುದು. ಅಡಿಟಿಪ್ಪಣಿ ಎಲ್ಲಾ ಬೆಂಗಳೂರಿನ ಲೈಬ್ರರೀಲಿ ಕೂತು ವರ್ಷಗಟ್ಲೆ ಸೇರ್ಸಿದ್ದು. ಒಂಬತ್ತು ದಿನದಲ್ಲಿ ಎಲ್ಲಿಂದ ತರ್ಲಿ? ಬಿಡಿ, ನಂಗೆ ಆ ಯೋಗ ಇಲ್ಲ" ಎಂದು ಛತ್ರಿ ತೆಗೆದುಕೊಂಡು ಬಸ್‌ಸ್ಟ್ಯಾಂಡಿನ ಕಡೆ ನಡೆದರು.

ಜಮೀಲಾ ದಿಂಬಿನ ಗೌಸಿಗೆ ಕಸೂತಿ ಹಾಕುವವಳು. ಹೂವಿನ ನಕ್ಷೆ ಬಟ್ಟೆಗೆ ಇಳಿಸಲು ನನ್ನ ಹಳೆಯ ಕಾರ್ಬನ್ನನ್ನೇ ಒಯ್ಯುತ್ತಾಳೆ, ಒಯ್ಯುವ ಮುಂಚೆ ಮಸಿ ಎಷ್ಟು ಉಳಿದಿದೆ ಎಂದು ಬೆಳಕಿಗೆ ಹಿಡಿದು ನೋಡುತ್ತಾಳೆ. ಆ ಮಧ್ಯಾಹ್ನ, ಬಳಸಿದ ಕಾರ್ಬನ್ನುಗಳನ್ನು ನಾನು ಮತ್ತೆ ತುಂಬಿಟ್ಟಿದ್ದ ಮೇಷ್ಟ್ರ ಪೆಟ್ಟಿಗೆಯಿಂದ ಒಂದು ಹಾಳೆ ತೆಗೆದು ಕಿಟಕಿಗೆ ಹಿಡಿದವಳು ಹಾಗೇ ನಿಂತುಬಿಟ್ಟಳು. "ಏನ್ರೀ, ಬನ್ನಿ ಇಲ್ಲಿ. ಹೋತ ತಿಂದಿದ್ದು ಇದೇನಾ?" ನೋಡಿದೆ. ಕಪ್ಪು ಹಾಳೆಯಲ್ಲಿ ಬೆಳ್ಳಗೆ ಒಂದೊಂದು ಅಕ್ಷರವೂ, ಅಡಿಟಿಪ್ಪಣಿಯ ಅಂಕಿಯೂ ಎದ್ದು ಕಾಣುತ್ತಿತ್ತು! ಹತ್ತು ಸಲ ಬಳಸಿದ ಕಾರ್ಬನ್ನಿನಲ್ಲಿ ಸಾಲಿನ ಮೇಲೆ ಸಾಲು ಬಿದ್ದು ಏನೂ ತಿಳಿಯುವುದಿಲ್ಲ. ಇವು ಒಂದೊಂದು ಸಲ ಮಾತ್ರ ಬಳಸಿದವು. ಇಪ್ಪತ್ತು ವರ್ಷ ಕಾರ್ಬನ್ನಿನಲ್ಲೇ ಬೆರಳು ಕಪ್ಪು ಮಾಡಿಕೊಂಡ ನನಗೆ ಹೊಳೆಯದ್ದು ಇಂಗ್ಲಿಷಿನ ಒಂದಕ್ಷರ ಬಾರದವಳಿಗೆ ಕಂಡಿತ್ತು.

ಮುಂದಿನ ಬಸ್ಸಿಗೇ ಗುಬ್ಬಿಗೆ ಓಡಿದೆ. ಮೇಷ್ಟ್ರು ಕಾರ್ಬನ್ನನ್ನು ಬೆಳಕಿಗೆ ಹಿಡಿದು, ನನ್ನ ಎರಡೂ ಕೈ ಹಿಡಿದುಕೊಂಡು, "ನಿಮಗೆ ಹೆಂಗ್ ಹೊಳೀತು ಸಾಹೇಬ್ರೇ!" ಅಂದರು. ನಾನು, "ಏನೋ, ಅನುಭವ" ಅಂದೆ. ಸುಳ್ಳು ಎಷ್ಟು ಸಲೀಸಾಗಿ ಬಂತೆಂದರೆ ನನಗೇ ಗೊತ್ತಾಗಲಿಲ್ಲ.

ಸೋಮವಾರದಿಂದ ಮೇಷ್ಟ್ರು ಕಿಟಕಿಯ ಹತ್ತಿರ ಕೂತು ಓದಿದರು, ನಾನು ಹೊಡೆದೆ. ಮಧ್ಯೆ ಮಧ್ಯೆ "ಎಂಥಾ ತಲೆ ನಿಮ್ದು" ಅನ್ನುತ್ತಿದ್ದರು. ಅಂದಾಗಲೆಲ್ಲ ಒಳಗೆ ಜಮೀಲಾಳ ಬಳೆಯ ಸದ್ದು ನಿಲ್ಲುತ್ತಿತ್ತು. ಹೀಗಿರುವಾಗ ಒಂದು ಭಾಗ ಬಂತು. ಸತ್ತು ಎದ್ದುಬಂದ ಅವರ ಗುರುವಿನ ಬರಿದಾದ ಗೋರಿಯನ್ನು ಮೊದಲು ಕಂಡವರು ಹೆಂಗಸರು ಎಂದು ಅವರ ಗ್ರಂಥದಲ್ಲೇ ಬೇರೆ ಕಡೆ ಹೇಳಿದ್ದರೂ, ಗುರುವನ್ನು ಕಣ್ಣಾರೆ ಕಂಡವರೆಂದು ಈ ಕಾಗದ ಕೊಡುವ ಸಾಕ್ಷಿಗಳ ಪಟ್ಟಿಯಲ್ಲಿ ಒಬ್ಬ ಹೆಂಗಸಿನ ಹೆಸರೂ ಇಲ್ಲವಂತೆ. ಮೊದಲ ಸಲ ಹೊಡೆದಾಗ ಅದು ಬೆರಳಲ್ಲೇ ನಿಂತಿತ್ತು. ಈಗ ಕೈ ತಡೆಯಿತು. "ಯಾಕೆ ಬಿಟ್ರು ಮೇಷ್ಟ್ರೇ?" ಅಂದೆ. "ಆ ಕಾಲದಲ್ಲಿ ಹೆಂಗಸರ ಸಾಕ್ಷಿಗೆ ಬೆಲೆ ಇರ್ಲಿಲ್ಲ. ವಾದ ಗೆಲ್ಬೇಕು ಅಂತ ಬಿಟ್ಟಿರ್ಬಹುದು. ಗೆದ್ದ ಮೇಲೂ ನಾವು ಹೇಳ್ದೆ ಇದ್ರೆ ತಪ್ಪು ನಮ್ದು" ಅಂದರು. ಆ ದಿನ ಜಮೀಲಾ ಚಹಾ ತಂದಿಟ್ಟಾಗ ನಾನು ತಲೆ ಎತ್ತದೆ ಟೈಪ್ ಮಾಡುತ್ತಲೇ ಇದ್ದೆ.

ಕೊನೆಗೆ ಕೃತಜ್ಞತೆಯ ಪುಟ ಕೊಟ್ಟುಹೋದರು. ಅದರಲ್ಲಿ ಮಾರ್ಗದರ್ಶಕರು, ಲೈಬ್ರರಿಯವರು, ಆಮೇಲೆ 'ಕಳೆದುಹೋದ ಅಧ್ಯಾಯವನ್ನು ತಮ್ಮ ಸೂಕ್ಷ್ಮ ದೃಷ್ಟಿಯಿಂದ ಕಂಡುಹಿಡಿದ ಜನಾಬ್ ಅಬ್ದುಲ್ ಬಷೀರ್' ಎಂದಿತ್ತು. ಅದೇ ನಾನು. ಹುಟ್ಟಿದಾಗಿನಿಂದ ಕಾಪಿಯಲ್ಲಿಲ್ಲದ್ದನ್ನು ಹೊಡೆಯದ ನಾನು ಅವತ್ತು ಕೈಯಾರೆ, 'ಮತ್ತು ಅವರ ಪತ್ನಿ ಜಮೀಲಾ ಬೇಗಂ' ಎಂದು ಸೇರಿಸಿದೆ. ಪ್ರೂಫ್ ನೋಡಲು ಬಂದ ಮೇಷ್ಟ್ರು ಅಲ್ಲೇ ನಿಂತರು. "ಇದೇನ್ ಸಾಹೇಬ್ರೇ?" ತಲೆ ತಗ್ಗಿಸಿ ನಡೆದದ್ದನ್ನು ನಡೆದ ಹಾಗೆ ಹೇಳಿದೆ. ಮೇಷ್ಟ್ರು ಮೊದಲು ನನ್ನನ್ನು ನೋಡಿದರು, ಆಮೇಲೆ ಹೊಟ್ಟೆ ಹಿಡಿದುಕೊಂಡು ನಕ್ಕರು. ಜೇಬಿನಿಂದ ಕೆಂಪು ಪೆನ್ಸಿಲ್ ತೆಗೆದು, "ಕಾಣದೆ ಇದ್ದೋರ ಹೆಸರು ಸಾಕ್ಷಿ ಪಟ್ಟೀಲಿ ಇರಬಾರದು, ಅಲ್ವಾ?" ಎಂದು ನನ್ನ ಹೆಸರಿನ ಮೇಲೆ ಒಂದು ಗೀಟು ಎಳೆದು, ಜಮೀಲಾಳ ಹೆಸರನ್ನು ಹಾಗೇ ಬಿಟ್ಟರು.

ಅವರು ಹೋದ ಮೇಲೆ ಆ ಪುಟವನ್ನು ಹೊಸ ಕಾರ್ಬನ್ ಹಾಕಿ ಮತ್ತೆ ಹೊಡೆಯಲು ಕೂತೆ. ಲೋಟ ತೆಗೆದುಕೊಂಡು ಹೋಗಲು ಬಂದ ಜಮೀಲಾ ಬಗ್ಗಿ ನೋಡಿ, "ಅದೇನ್ರೀ ಕೆಂಪು ಗೀಟು?" ಅಂದಳು.

"ಒಂದು ತಪ್ಪಿತ್ತು, ಮೇಷ್ಟ್ರು ತೆಗೆದರು" ಅಂದೆ.